ಕೊನೆ ಮೊದಲೇ ಗೊತ್ತಿದ್ದರೂ

ಹಾಸ್ಟೆಲಿನಲ್ಲಿದ್ದಾಗ ಒಬ್ಬ ಗೆಳೆಯ ನನಗೆ ‘ಸೈಕೋ’ ಸಿನಿಮಾದ ಕೊನೆಯನ್ನು ಹೇಳಿಬಿಟ್ಟಿದ್ದ. ನಾನೇನೂ ಕೇಳಿರಲಿಲ್ಲ. ರಾತ್ರಿ ಊಟದ ಸಾಲಿನಲ್ಲಿ ತಟ್ಟೆ ಹಿಡಿದು ನಿಂತಿದ್ದೆವು. ಮಾತಿಗೆ ಮಾತು ಬಂತು, ಅವನು ಗುಟ್ಟು ಒಡೆದ. ನನಗೆ ಎಷ್ಟು ಸಿಟ್ಟು ಬಂತೆಂದರೆ ಎರಡು ದಿನ ಅವನ ಜೊತೆ ಮಾತಾಡಲಿಲ್ಲ. ಆ ಸಿನಿಮಾ ನೋಡುವ ಆಸೆಯನ್ನೂ ಬಿಟ್ಟೆ. ಇನ್ನು ನೋಡಿ ಮಾಡೋದೇನು, ಅಲ್ವಾ?

ಹಾಗೇ ಆರೇಳು ವರ್ಷ ಕಳೆದವು. ಒಂದು ರಾತ್ರಿ ನಿದ್ದೆ ಬರಲಿಲ್ಲ. ಬೇರೇನೂ ಸಿಗದೆ ಸುಮ್ನೆ ಲ್ಯಾಪ್‌ಟಾಪಿನಲ್ಲಿ ಅದನ್ನೇ ಹಾಕಿದೆ. ದುಡ್ಡು ಕದ್ದು ಓಡಿ ಬಂದ ಹೆಂಗಸೊಬ್ಬಳು ಮಳೆಯಲ್ಲಿ ಒಂದು ಹಾಳು ಸುರಿಯುವ ಮೋಟೆಲಿಗೆ ಬರುತ್ತಾಳೆ. ಮೋಟೆಲ್ ನೋಡಿಕೊಳ್ಳುವ ಹುಡುಗ ಸ್ಯಾಂಡ್‌ವಿಚ್, ಹಾಲು ತಂದು ಕೊಡುತ್ತಾನೆ. ಆಫೀಸಿನ ಹಿಂದಿನ ಪುಟ್ಟ ಕೋಣೆಯಲ್ಲಿ ಇಬ್ಬರೂ ಕೂತು ಮಾತಾಡುತ್ತಾರೆ. ಗೋಡೆ ತುಂಬ ಒಳಗೆ ಹೊಟ್ಟು ತುಂಬಿ ನಿಲ್ಲಿಸಿದ ಸತ್ತ ಹಕ್ಕಿಗಳು. ಹುಡುಗ ತನ್ನ ಅಮ್ಮನ ಬಗ್ಗೆ ಹೇಳುತ್ತಾನೆ. ಅಷ್ಟೇ. ಕೊನೆ ಗೊತ್ತಿಲ್ಲದವರಿಗೆ ಅದು ನಾಚಿಕೆ ಸ್ವಭಾವದ ಒಬ್ಬ ಹುಡುಗನ ಮಾತು. ನನಗೆ ಒಂದೊಂದು ಸಾಲಿಗೂ ಬೆನ್ನು ತಣ್ಣಗಾಗುತ್ತಿತ್ತು. ಆ ಕೋಣೆಯಲ್ಲಿ ಏನು ನಡೆಯುತ್ತಿದೆ ಅನ್ನುವುದು ನನಗೆ ಗೊತ್ತು, ಆ ಹೆಂಗಸಿಗೆ ಗೊತ್ತಿಲ್ಲ. ಎದ್ದು ಹೋಗು ಮಾರಾಯ್ತಿ ಅಂತ ಹೇಳಬೇಕು ಅನ್ನಿಸಿತು.

ಗೆಳೆಯ ನನ್ನ ಸಿನಿಮಾ ಹಾಳು ಮಾಡಿರಲಿಲ್ಲ. ಗೊತ್ತಿಲ್ಲದೆಯೇ ನನ್ನನ್ನು ಅದರ ನಿರ್ದೇಶಕ ಹಿಚ್‌ಕಾಕ್‌ಗೆ ಬೇಕಾದ ಜಾಗದಲ್ಲಿ ತಂದು ಕೂರಿಸಿದ್ದ. ಅಲ್ಲಿಂದ ಶುರುವಾದ ಹುಚ್ಚು ಇದು. ಅವನ ಸಿನಿಮಾಗಳನ್ನು ಹಿಂದುಮುಂದಾಗಿ, ಸಿಕ್ಕಿದ ಹಾಗೆ, ಕೆಲವನ್ನು ನಾಲ್ಕೈದು ಸಲ ನೋಡಿದ್ದೇನೆ.

ಆ ಗುಟ್ಟನ್ನು ಇಲ್ಲಿ ಹೇಳುವುದಿಲ್ಲ. ಅರವತ್ತು ವರ್ಷ ದಾಟಿದ ಸಿನಿಮಾ, ಆದರೂ ಹಾಸ್ಟೆಲ್ ಗೆಳೆಯನ ಪಾಪ ನನಗೆ ಬೇಡ. ಬೇರೆ ಸಿನಿಮಾಗಳ ಗುಟ್ಟು ಒಂದೆರಡು ಒಡೆಯುತ್ತೇನೆ. ಅವನ್ನು ಹಿಚ್‌ಕಾಕ್ ತಾನೇ ನಡುವೆ ಒಡೆದಿಟ್ಟಿದ್ದಾನೆ.

ಆಲ್ಫ್ರೆಡ್ ಹಿಚ್‌ಕಾಕ್ ಹುಟ್ಟಿದ್ದು 1899ರ ಆಗಸ್ಟ್ 13ರಂದು, ಲಂಡನ್ ಅಂಚಿನ ಲೇಟನ್‌ಸ್ಟೋನಿನಲ್ಲಿ. ಅಪ್ಪನದು ತರಕಾರಿ, ಕೋಳಿ ಮಾರುವ ವ್ಯಾಪಾರ. ಮೂವರು ಮಕ್ಕಳಲ್ಲಿ ಇವನೇ ಕೊನೆಯವನು. ಕ್ಯಾಥೊಲಿಕ್ ಮನೆ, ಜೆಸ್ಯೂಟ್ ಪಾದ್ರಿಗಳ ಶಾಲೆ. ಅವನ ಬಾಲ್ಯದ ಒಂದು ಕತೆ ಬಹಳ ಪ್ರಸಿದ್ಧ. ನಾಲ್ಕೋ ಐದೋ ವರ್ಷ ಇದ್ದಾಗ ಏನೋ ತಪ್ಪು ಮಾಡಿದನಂತೆ. ಅಪ್ಪ ಒಂದು ಚೀಟಿ ಬರೆದು ಕೈಗೆ ಕೊಟ್ಟು ಪೊಲೀಸ್ ಠಾಣೆಗೆ ಕಳಿಸಿದನಂತೆ. ಅಲ್ಲಿದ್ದ ಅಧಿಕಾರಿ ಚೀಟಿ ಓದಿ, ಹುಡುಗನನ್ನು ಐದತ್ತು ನಿಮಿಷ ಲಾಕಪ್ಪಿನಲ್ಲಿ ಕೂಡಿಹಾಕಿ, ತುಂಟ ಹುಡುಗರಿಗೆ ನಾವು ಹೀಗೇ ಮಾಡೋದು ಅಂದನಂತೆ.

ಈ ಕತೆಯನ್ನು ಅವನು ಬದುಕಿಡೀ ಹೇಳಿಕೊಂಡು ತಿರುಗಿದ. ನಿಜವೋ, ಹೇಳಿ ಹೇಳಿ ನಿಜವಾದದ್ದೋ. ಅವನ ಬಗ್ಗೆ ಬರೆಯುವವರೆಲ್ಲ ಆ ಲಾಕಪ್ಪನ್ನೇ ಹಿಡಿದುಕೊಳ್ಳುತ್ತಾರೆ. ಪೊಲೀಸರ ಭಯ ಅಲ್ಲಿಂದ ಬಂತು, ತಪ್ಪು ಮಾಡದವನು ಸಿಕ್ಕಿಬೀಳುವ ಕತೆಗಳೂ ಅಲ್ಲಿಂದಲೇ ಬಂದವು ಅನ್ನುತ್ತಾರೆ. ಇರಬಹುದು. ನನ್ನ ಕಣ್ಣು ಹೋಗುವುದು ಆ ಚೀಟಿಯ ಮೇಲೆ. ಒಂದು ಪುಟ್ಟ ಹುಡುಗ, ಕೈಯಲ್ಲಿ ಮಡಚಿದ ಕಾಗದ, ಬೀದಿಯಲ್ಲಿ ನಡೆದು ಹೋಗುತ್ತಿದ್ದಾನೆ. ಅದರಲ್ಲಿ ಏನಿದೆ ಅಂತ ಅವನಿಗೆ ಗೊತ್ತಿಲ್ಲ. ಬರೆದ ಅಪ್ಪನಿಗೆ ಗೊತ್ತು. ಕತೆ ಕೇಳುತ್ತಿರುವ ನಮಗೆ ಗೊತ್ತು. ತನ್ನ ಶಿಕ್ಷೆಯನ್ನು ತಾನೇ ಹೊತ್ತುಕೊಂಡು ಹೋಗುತ್ತಿದ್ದಾನೆ, ಬಹುಶಃ ದಾರಿಯಲ್ಲಿ ಅಲ್ಲಿ ಇಲ್ಲಿ ನೋಡುತ್ತಾ.

ಈಗ 1936ರ ‘ಸಬೋಟಾಜ್’ಗೆ ಬನ್ನಿ. ಲಂಡನ್ನಿನಲ್ಲಿ ಒಂದು ಸಣ್ಣ ಚಿತ್ರಮಂದಿರ ನಡೆಸುವವನು ಒಳಗಿಂದೊಳಗೆ ವಿಧ್ವಂಸಕರ ಕೆಲಸ ಮಾಡುತ್ತಿರುತ್ತಾನೆ. ತಾನು ಹೊರಗೆ ಹೋಗುವಂತಿಲ್ಲ. ಹೆಂಡತಿಯ ಪುಟ್ಟ ತಮ್ಮನ ಕೈಗೆ ಒಂದು ಪೊಟ್ಟಣ ಕೊಟ್ಟು ಕಳಿಸುತ್ತಾನೆ. ಅದರಲ್ಲಿ ಬಾಂಬಿದೆ, ಒಂದೂ ಮುಕ್ಕಾಲಿಗೆ ಸಿಡಿಯುತ್ತದೆ. ಹುಡುಗನಿಗೆ ಅದೇನೂ ಗೊತ್ತಿಲ್ಲ. ಅವನು ಬೀದಿಯಲ್ಲಿ ನಿಲ್ಲುತ್ತಾನೆ. ಟೂತ್‌ಪೇಸ್ಟ್ ಮಾರುವವನೊಬ್ಬ ಅವನನ್ನೇ ಹಿಡಿದು ಕೂರಿಸಿ ಜನರ ಮುಂದೆ ಹಲ್ಲುಜ್ಜುತ್ತಾನೆ. ಮೆರವಣಿಗೆ ಬರುತ್ತದೆ, ರಸ್ತೆ ಕಟ್ಟುತ್ತದೆ. ಬಸ್ಸು ಹತ್ತುತ್ತಾನೆ. ಪಕ್ಕದ ಸೀಟಿನಲ್ಲಿ ಒಂದು ನಾಯಿಮರಿ, ಅದರ ಜೊತೆ ಆಡುತ್ತಾನೆ. ನಡುನಡುವೆ ಗಡಿಯಾರ.

ಲೇಟನ್‌ಸ್ಟೋನಿನ ಚೀಟಿ ಹಿಡಿದ ಹುಡುಗನೇ ಇವನು ಅಂತ ನನಗೆ ಅನ್ನಿಸುತ್ತದೆ. ಯಾರೂ ಒಪ್ಪಬೇಕಾಗಿಲ್ಲ.

ಬಾಂಬು ಸಿಡಿಯುತ್ತದೆ. ಹುಡುಗ, ನಾಯಿಮರಿ, ಬಸ್ಸಿನ ಜನ ಎಲ್ಲ ಹೋಗುತ್ತಾರೆ. ನೋಡಿದವರು ಸಿಟ್ಟಾದರು. ಅದು ತಾನು ಮಾಡಿದ ತಪ್ಪು ಅಂತ ಹಿಚ್‌ಕಾಕ್ ಮುಂದೆ ಹಲವು ಸಲ ಒಪ್ಪಿಕೊಂಡ. ಜನರನ್ನು ಅಷ್ಟು ಹೊತ್ತು ತುದಿಗಾಲಲ್ಲಿ ನಿಲ್ಲಿಸಿದ ಮೇಲೆ ಅವರನ್ನು ಉಸಿರಾಡಲು ಬಿಡಬೇಕು ಅನ್ನುವುದು ಅವನು ಕಲಿತ ಪಾಠ. ನನಗೆ ಮಾತ್ರ ಆ ದೃಶ್ಯ ತಪ್ಪು ಅಂತ ಅನ್ನಿಸಿಲ್ಲ. ಸಹಿಸೋಕೆ ಆಗಲ್ಲ, ಅದು ನಿಜ. ಅದು ಬೇರೆ ಮಾತು.

1962ರಲ್ಲಿ ಫ್ರೆಂಚ್ ನಿರ್ದೇಶಕ ಫ್ರಾನ್ಸ್ವಾ ತ್ರೂಫೋ ಹಾಲಿವುಡ್ಡಿಗೆ ಬಂದು ಹಿಚ್‌ಕಾಕ್ ಎದುರು ಒಂದು ವಾರ ಕೂತ. ಒಂದೊಂದು ಸಿನಿಮಾ ಹಿಡಿದು ಪ್ರಶ್ನೆ ಕೇಳಿದ. ಆ ಮಾತುಕತೆ ಆಮೇಲೆ ಪುಸ್ತಕವಾಯಿತು. ಅದರಲ್ಲಿ ಮೇಜಿನ ಕೆಳಗಿನ ಬಾಂಬಿನ ಉದಾಹರಣೆ ಇದೆ. ಸಿನಿಮಾ ಕಲಿಸುವ ಕಡೆಯಲ್ಲೆಲ್ಲ ಅದನ್ನು ಹೇಳಿ ಹೇಳಿ ಸವೆಸಿದ್ದಾರೆ, ಆದರೂ ಇಲ್ಲಿ ಬೇಕು. ಇಬ್ಬರು ಕೂತು ಏನೋ ಮಾತಾಡುತ್ತಿದ್ದಾರೆ. ಇದ್ದಕ್ಕಿದ್ದಂತೆ ಮೇಜಿನ ಕೆಳಗಿದ್ದ ಬಾಂಬು ಸಿಡಿಯಿತು ಅನ್ನಿ. ನೋಡುವವರಿಗೆ ಹದಿನೈದು ಸೆಕೆಂಡಿನ ಬೆಚ್ಚುವಿಕೆ. ಅದೇ ಬಾಂಬನ್ನು ಮೊದಲೇ ತೋರಿಸಿ, ಗಡಿಯಾರವನ್ನೂ ತೋರಿಸಿ, ಅದೇ ಮಾತುಕತೆಯನ್ನು ನಡೆಸಿ. ಈಗ ಹದಿನೈದು ನಿಮಿಷ ಸಸ್ಪೆನ್ಸ್. ಇಬ್ಬರೂ ಬೇಸ್‌ಬಾಲ್ ಬಗ್ಗೆ ಹರಟುತ್ತಿದ್ದರೂ ಸರಿ, ಆ ಸಪ್ಪೆ ಮಾತಿಗೂ ಜೀವ ಬರುತ್ತದೆ. ಆದ್ದರಿಂದ ನೋಡುವವರಿಗೆ ಆದಷ್ಟು ಮೊದಲೇ ತಿಳಿಸಿಬಿಡಿ ಅನ್ನುವುದು ಅವನ ವಾದ.

ನಾವು ಇವತ್ತು ಸಸ್ಪೆನ್ಸ್ ಅನ್ನುವುದನ್ನು ತದ್ವಿರುದ್ಧ ಅರ್ಥದಲ್ಲಿ ಬಳಸುತ್ತೇವೆ. ‘ಸಸ್ಪೆನ್ಸ್ ಇಟ್ಟಿದ್ದಾರೆ’ ಅಂದರೆ ಮುಚ್ಚಿಟ್ಟಿದ್ದಾರೆ ಅಂತ. ಕೊನೆಗೆ ಒಂದು ಟ್ವಿಸ್ಟ್, ಅದರ ಮೇಲೊಂದು ಟ್ವಿಸ್ಟ್. ಹಿಚ್‌ಕಾಕ್‌ಗೆ ಕೊಲೆ ಮಾಡಿದವರು ಯಾರು ಅಂತ ಕೊನೆಯವರೆಗೂ ಕಾಯಿಸುವ ಕತೆಗಳ ಮೇಲೆ ಅಷ್ಟು ಪ್ರೀತಿ ಇರಲಿಲ್ಲ. ಅದರಲ್ಲಿ ಕುತೂಹಲ ಇದೆ, ಭಾವನೆ ಇಲ್ಲ ಅನ್ನುತ್ತಿದ್ದ.

ಅವನು ಇಲ್ಲಿಗೆ ಬಂದ ದಾರಿಯೂ ಸ್ವಾರಸ್ಯದ್ದೇ. ಹದಿನೈದರ ಹುಡುಗನಾಗಿದ್ದಾಗಲೇ ಅಪ್ಪ ತೀರಿಕೊಂಡ. ಲಂಡನ್ನಿನ ಒಂದು ಕೇಬಲ್ ಕಂಪನಿಯಲ್ಲಿ ಕೆಲಸಕ್ಕೆ ಸೇರಿದ. ಅಲ್ಲೇ ಜಾಹೀರಾತಿನ ವಿಭಾಗಕ್ಕೆ ಹೋಗಿ ಚಿತ್ರ ಬರೆದ. ಆಮೇಲೆ ಇಸ್ಲಿಂಗ್ಟನ್ನಿನಲ್ಲಿ ಅಮೆರಿಕದ ಸಿನಿಮಾ ಕಂಪನಿಯೊಂದು ತೆರೆದ ಸ್ಟುಡಿಯೋದಲ್ಲಿ ಮೂಕಿ ಚಿತ್ರಗಳ ನಡುನಡುವೆ ಪರದೆಯ ಮೇಲೆ ಮಾತು ತೋರಿಸುವ ಟೈಟಲ್ ಕಾರ್ಡು ಬರೆಯುವ ಕೆಲಸ ಸಿಕ್ಕಿತು. ಅಂದರೆ ಅವನು ಸಿನಿಮಾದೊಳಗೆ ಕಾಲಿಟ್ಟಿದ್ದು ಅಕ್ಷರ ಬರೆಯುವವನಾಗಿ. ಅಕ್ಷರವೇ ಬೇಡದ ಹಾಗೆ ಕತೆ ಹೇಳುವುದನ್ನು ಕಲಿತದ್ದು ಜರ್ಮನಿಯಲ್ಲಿ. 1924ರಲ್ಲಿ ಬರ್ಲಿನ್ ಹತ್ತಿರದ ಬಾಬೆಲ್ಸ್‌ಬರ್ಗ್ ಸ್ಟುಡಿಯೋಗೆ ಕೆಲಸಕ್ಕೆ ಹೋದಾಗ ಅಲ್ಲಿ ಎಫ್. ಡಬ್ಲ್ಯೂ. ಮುರ್ನೌ ಹೆಚ್ಚು ಕಡಿಮೆ ಟೈಟಲ್ ಕಾರ್ಡೇ ಇಲ್ಲದ ಒಂದು ಸಿನಿಮಾ ಮಾಡುತ್ತಿದ್ದ. ಹಿಚ್‌ಕಾಕ್ ನಿಂತು ನೋಡಿದ.

ಅದರ ಫಲ 1927ರ ‘ದಿ ಲಾಡ್ಜರ್’ನಲ್ಲಿ ಕಾಣುತ್ತದೆ. ಮನೆಯ ಮಹಡಿಯಲ್ಲಿ ಬಾಡಿಗೆಗೆ ಬಂದವನೊಬ್ಬ ಇದ್ದಾನೆ. ಊರಿನಲ್ಲಿ ಹೆಂಗಸರ ಕೊಲೆಗಳಾಗುತ್ತಿವೆ. ಕೆಳಗೆ ಮನೆಯವರು ಮೇಲೆ ನೋಡುತ್ತಾರೆ. ತೂಗುದೀಪ ಅಲ್ಲಾಡುತ್ತಿದೆ. ಮೂಕಿ ಚಿತ್ರ, ಹೆಜ್ಜೆ ಸದ್ದು ಕೇಳಿಸುವಂತಿಲ್ಲ. ಅದಕ್ಕೆ ದಪ್ಪ ಗಾಜಿನ ನೆಲ ಮಾಡಿಸಿ, ಕೆಳಗಿನಿಂದ ಕ್ಯಾಮೆರಾ ಇಟ್ಟು, ಅವನು ಅತ್ತಿತ್ತ ನಡೆಯುವುದನ್ನು ತೋರಿಸಿದ. ಕಿವಿಯ ಕೆಲಸವನ್ನು ಕಣ್ಣಿಗೆ ಕೊಟ್ಟ. ಎರಡು ವರ್ಷದ ನಂತರ ‘ಬ್ಲ್ಯಾಕ್‌ಮೇಲ್’ನಲ್ಲಿ ಮಾತು ಬಂದಾಗ ಇನ್ನೊಂದು ತಮಾಷೆ ಮಾಡಿದ. ಹಿಂದಿನ ರಾತ್ರಿ ಒಬ್ಬನನ್ನು ಚಾಕುವಿನಿಂದ ಇರಿದ ಹುಡುಗಿ ಬೆಳಿಗ್ಗೆ ತಿಂಡಿಗೆ ಕೂತಿದ್ದಾಳೆ. ನೆರೆಮನೆಯ ಹೆಂಗಸು ಆ ಕೊಲೆಯ ಬಗ್ಗೆ ವಟವಟ ಅನ್ನುತ್ತಿದ್ದಾಳೆ. ನಿಧಾನಕ್ಕೆ ಮಿಕ್ಕ ಮಾತೆಲ್ಲ ಮಸುಕಾಗಿ ‘ಚಾಕು’ ಅನ್ನುವ ಒಂದು ಪದ ಮಾತ್ರ ಮತ್ತೆ ಮತ್ತೆ ಕೇಳುತ್ತದೆ. ಬ್ರಿಟನ್ನಿನ ಮೊದಮೊದಲ ಟಾಕಿಗಳಲ್ಲಿ ಒಂದು ಅದು. ಬೇರೆಯವರೆಲ್ಲ ನಟರ ಮಾತು ಸರಿಯಾಗಿ ಕೇಳಿಸಿದರೆ ಸಾಕಪ್ಪ ಅಂತಿದ್ದ ಕಾಲ. ಇವನು ಆಗಲೇ ಮಾತನ್ನು ಕೇಳಿಸದಂತೆ ಮಾಡುವ ಯೋಚನೆಯಲ್ಲಿದ್ದ!

ಇಸ್ಲಿಂಗ್ಟನ್ ಸ್ಟುಡಿಯೋದಲ್ಲಿ ಅವನಿಗಿಂತ ಮೊದಲೇ ಎಡಿಟಿಂಗ್ ಕೋಣೆಯಲ್ಲಿದ್ದವಳು ಅಲ್ಮಾ ರೆವಿಲ್. ಅವನಿಗಿಂತ ಒಂದೇ ಒಂದು ದಿನ ಚಿಕ್ಕವಳು. ಕೆಲಸದಲ್ಲಿ ಮೇಲಿನವಳು. ತಾನು ಸಹಾಯಕ ನಿರ್ದೇಶಕ ಆಗುವವರೆಗೂ ಅವಳನ್ನು ಮಾತಾಡಿಸುವ ಧೈರ್ಯ ಮಾಡಲಿಲ್ಲವಂತೆ. 1926ರ ಡಿಸೆಂಬರಿನಲ್ಲಿ ಮದುವೆಯಾದರು. ಆಮೇಲೆ ಅವನು ಬರೆಸಿದ ಚಿತ್ರಕಥೆ, ತೆಗೆದ ಸಿನಿಮಾ ಯಾವುದೂ ಅವಳ ಕಣ್ಣು ದಾಟದೆ ಹೊರಗೆ ಹೋಗಲಿಲ್ಲ. ಹೆಸರು ಪರದೆಯ ಮೇಲೆ ಬಂದದ್ದು ಕೆಲವಕ್ಕೆ ಮಾತ್ರ. ‘ಸೈಕೋ’ ಮುಗಿದು ಎಲ್ಲರೂ ನೋಡಿ ಒಪ್ಪಿದ ಮೇಲೆ, ಸತ್ತು ಬಿದ್ದ ನಾಯಕಿ ಒಂದು ಚೂರು ಅಲುಗಿದ್ದನ್ನು ಹಿಡಿದವಳು ಅಲ್ಮಾ. ಅಷ್ಟು ಜನರಲ್ಲಿ ಇನ್ನೊಬ್ಬರಿಗೆ ಅದು ಕಂಡಿರಲಿಲ್ಲ.

1939ರಲ್ಲಿ ಸಂಸಾರ ಸಮೇತ ಅಮೆರಿಕಕ್ಕೆ ಹೋದ. ನಿರ್ಮಾಪಕ ಡೇವಿಡ್ ಸೆಲ್ಜ್‌ನಿಕ್ ಜೊತೆ ಒಪ್ಪಂದ. ಅಲ್ಲಿನ ಮೊದಲ ಸಿನಿಮಾ ‘ರೆಬೆಕಾ’ಗೆ ಅತ್ಯುತ್ತಮ ಚಿತ್ರದ ಆಸ್ಕರ್ ಬಂತು. ಅದು ಹೋದದ್ದು ನಿರ್ಮಾಪಕನ ಕೈಗೆ. ನಿರ್ದೇಶಕನಾಗಿ ಐದು ಸಲ ನಾಮನಿರ್ದೇಶನವಾದರೂ ಹಿಚ್‌ಕಾಕ್‌ಗೆ ಆ ಪ್ರಶಸ್ತಿ ಒಮ್ಮೆಯೂ ಬರಲಿಲ್ಲ. ಇದರ ಬಗ್ಗೆ ಅಭಿಮಾನಿಗಳು ಇವತ್ತಿಗೂ ಕಣ್ಣೀರು ಹಾಕುತ್ತಾರೆ. ನನಗೆ ಅದೇನೂ ದೊಡ್ಡ ವಿಷಯ ಅನ್ನಿಸಿಲ್ಲ.

ದೊಡ್ಡ ವಿಷಯ ಅಂದರೆ ‘ನಟೋರಿಯಸ್’ನ ಶಾಂಪೇನ್ ಬಾಟಲಿಗಳು. 1946ರ ಸಿನಿಮಾ. ಇಂಗ್ರಿಡ್ ಬರ್ಗ್‌ಮನ್ ಶತ್ರುವಿನ ಮನೆಗೆ ಹೆಂಡತಿಯಾಗಿ ಸೇರಿದ ಗೂಢಚಾರಿಣಿ. ಮನೆಯಲ್ಲಿ ದೊಡ್ಡ ಪಾರ್ಟಿ. ಕ್ಯಾಮೆರಾ ಮೇಲಿನ ಬಾಲ್ಕನಿಯಿಂದ ಶುರುವಾಗಿ, ಇಡೀ ಹಜಾರ ದಾಟಿ, ಕೆಳಗಿಳಿದು ಇಳಿದು, ಅವಳ ಮುಷ್ಟಿಯೊಳಗಿನ ಒಂದು ಬೀಗದ ಕೈಗೆ ಬಂದು ನಿಲ್ಲುತ್ತದೆ. ಈ ಶಾಟನ್ನು ಎಲ್ಲರೂ ಹೊಗಳುತ್ತಾರೆ, ಹೊಗಳಬೇಕಾದ್ದೇ. ಆದರೆ ನನಗಿಷ್ಟ ಅದರ ನಂತರದ್ದು. ಅವಳೂ ಕ್ಯಾರಿ ಗ್ರಾಂಟೂ ಆ ಕೀಲಿಯಿಂದ ನೆಲಮಾಳಿಗೆಗೆ ನುಗ್ಗುತ್ತಾರೆ. ಮೇಲೆ ಐಸ್ ಪೆಟ್ಟಿಗೆಯಲ್ಲಿ ಶಾಂಪೇನ್ ಕಡಿಮೆಯಾಗುತ್ತಾ ಬರುತ್ತದೆ. ಮುಗಿದರೆ ಯಜಮಾನ ಹೊಸ ಬಾಟಲಿ ತರಲು ನೆಲಮಾಳಿಗೆಗೇ ಇಳಿಯಬೇಕು. ಅತಿಥಿಗಳು ಕುಡಿಯುತ್ತಿದ್ದಾರೆ, ನಗುತ್ತಿದ್ದಾರೆ, ಇನ್ನೊಂದು ಲೋಟ ಕೇಳುತ್ತಿದ್ದಾರೆ. ಯಾರೂ ಬಂದೂಕು ಹಿಡಿದಿಲ್ಲ. ಬಾಟಲಿಗಳೇ ಇಲ್ಲಿ ಗಡಿಯಾರ. ಆ ಮಾಳಿಗೆಯಲ್ಲಿರುವುದು ಯುರೇನಿಯಂ ಅದಿರು ಅಂತ ಆಮೇಲೆ ತಿಳಿಯುತ್ತದೆ, ಅದು ವಜ್ರವಾಗಿದ್ದರೂ ನಡೆಯುತ್ತಿತ್ತು. ಪಾತ್ರಗಳಿಗೆ ಪ್ರಾಣ, ನಮಗೆ ಲೆಕ್ಕಕ್ಕಿಲ್ಲ. ಇಂಥ ವಸ್ತುವಿಗೆ ಅವನು ಇಟ್ಟುಕೊಂಡ ಹೆಸರು ಮ್ಯಾಗಫಿನ್.

ಎರಡು ವರ್ಷದ ನಂತರ ಬಂದ ‘ರೋಪ್’ ಸೋತ ಪ್ರಯೋಗ ಅನ್ನುತ್ತಾರೆ. ಅವನೂ ಅದನ್ನು ಒಂದು ಸರ್ಕಸ್ ಅಂತಲೇ ಮಾತಾಡಿದ. ಅವನ ಮೊದಲ ಬಣ್ಣದ ಚಿತ್ರ. ಕ್ಯಾಮೆರಾದೊಳಗೆ ಒಂದು ಸಲಕ್ಕೆ ಹತ್ತು ನಿಮಿಷದಷ್ಟು ಫಿಲ್ಮು ಹಿಡಿಯುತ್ತಿತ್ತು. ಇಡೀ ಕತೆಯನ್ನು ಅಷ್ಟಷ್ಟು ಉದ್ದದ ತುಂಡುಗಳಲ್ಲಿ ತೆಗೆದ. ರೀಲು ಬದಲಾಯಿಸಬೇಕಾದಾಗ ಯಾರದೋ ಕೋಟಿನ ಬೆನ್ನಿಗೆ ಹೋಗಿ ಕಪ್ಪು ಮಾಡಿಕೊಳ್ಳುವುದು. ಈ ತಾಂತ್ರಿಕ ಮಾತೇ ಜಾಸ್ತಿಯಾಗಿ ಕತೆಯೇ ಮರೆತುಹೋಗಿದೆ. ಮೊದಲ ನಿಮಿಷದಲ್ಲೇ ಇಬ್ಬರು ಯುವಕರು ತಮ್ಮ ಗೆಳೆಯನನ್ನು ಹಗ್ಗದಿಂದ ಕೊಂದು ಪೆಟ್ಟಿಗೆಯಲ್ಲಿ ಹಾಕುತ್ತಾರೆ. ಆ ಪೆಟ್ಟಿಗೆಯ ಮೇಲೆಯೇ ಊಟ ಜೋಡಿಸಿ ಪಾರ್ಟಿ ಕೊಡುತ್ತಾರೆ. ಸತ್ತವನ ಅಪ್ಪನೂ ಬಂದಿದ್ದಾನೆ.

ಒಂದು ಹಂತದಲ್ಲಿ ಅತಿಥಿಗಳೆಲ್ಲ ಪಕ್ಕದಲ್ಲಿ ನಿಂತು ಮಾತಾಡುತ್ತಿದ್ದಾರೆ, ಇನ್ನೂ ಬಾರದ ಆ ಹುಡುಗನ ಬಗ್ಗೆಯೇ. ಕ್ಯಾಮೆರಾ ಅವರ ಕಡೆ ನೋಡುವುದಿಲ್ಲ. ಪೆಟ್ಟಿಗೆಯ ಕಡೆ ಇಟ್ಟ ಕಣ್ಣು ಇಟ್ಟ ಹಾಗೇ ಇದೆ. ಕೆಲಸದ ಹೆಂಗಸು ಬರುತ್ತಾಳೆ. ತಟ್ಟೆ ಎತ್ತಿಕೊಂಡು ಒಳಗೆ ಹೋಗುತ್ತಾಳೆ. ಮತ್ತೆ ಬರುತ್ತಾಳೆ, ಮೇಣದಬತ್ತಿ ಎತ್ತುತ್ತಾಳೆ. ಮತ್ತೆ ಬರುತ್ತಾಳೆ, ಹಾಸಿದ ಬಟ್ಟೆ ತೆಗೆಯುತ್ತಾಳೆ. ಆಮೇಲೆ ಪುಸ್ತಕಗಳನ್ನು ತರುತ್ತಾಳೆ. ಪೆಟ್ಟಿಗೆಯಲ್ಲಿ ಯಾವಾಗಲೂ ಇರುತ್ತಿದ್ದದ್ದು ಪುಸ್ತಕ ತಾನೇ, ಒಳಗೆ ಇಡಬೇಕಲ್ಲ. ಎಷ್ಟು ಅಚ್ಚುಕಟ್ಟಿನ ಹೆಂಗಸು! ಮುಚ್ಚಳಕ್ಕೆ ಕೈ ಹಾಕುವವರೆಗೂ ನಾನು ಉಸಿರು ಬಿಟ್ಟಿರಲಿಲ್ಲ. ಒಂದು ಮನೆಗೆಲಸವನ್ನು ಅಷ್ಟು ಭಯಪಟ್ಟುಕೊಂಡು ನಾನು ಇನ್ನೆಲ್ಲೂ ನೋಡಿಲ್ಲ. ಮತ್ತೆ ಇನ್ನೊಂದು ಮಾತು, ಸ್ವಲ್ಪ ನಾಚಿಕೆಯದು. ಅವಳು ಮುಚ್ಚಳ ತೆಗೆಯಬಾರದು ಅಂತಲೇ ನಾನು ಬೇಡಿಕೊಳ್ಳುತ್ತಿದ್ದೆ. ಅಂದರೆ ಕೊಲೆಗಾರರ ಪರವಾಗಿ.

ಇದು ಬಾಂಬಿನ ಉದಾಹರಣೆಯಲ್ಲಿ ಇಲ್ಲ. ಗೊತ್ತಿರುವವನು ಬರೀ ನೋಡುವವನಾಗಿ ಉಳಿಯುವುದಿಲ್ಲ. ಗುಟ್ಟು ಕಾಯುವವನಾಗುತ್ತಾನೆ. ಗುಟ್ಟು ಕಾಯುತ್ತಾ ಕಾಯುತ್ತಾ ಯಾರ ಕಡೆಗೋ ವಾಲಿಬಿಡುತ್ತಾನೆ.

1954ರ ‘ರಿಯರ್ ವಿಂಡೋ’ದಲ್ಲಿ ಅವನು ಈ ನೋಡುವವನನ್ನೇ ಎತ್ತಿ ಕತೆಯೊಳಗೆ ಕೂರಿಸಿದ. ಜೇಮ್ಸ್ ಸ್ಟೂವರ್ಟ್ ಕಾಲು ಮುರಿದುಕೊಂಡ ಫೋಟೋಗ್ರಾಫರ್, ಗಾಲಿಕುರ್ಚಿ ಬಿಟ್ಟು ಏಳುವಂತಿಲ್ಲ. ಎದುರಿಗೆ ನ್ಯೂಯಾರ್ಕಿನ ಗ್ರೀನಿಚ್ ವಿಲೇಜಿನ ಒಂದು ಹಿತ್ತಿಲು, ಸುತ್ತ ಕಿಟಕಿಗಳು. ಪ್ಯಾರಾಮೌಂಟ್ ಸ್ಟುಡಿಯೋದೊಳಗೆ 31 ಮನೆಗಳ ಸೆಟ್ಟು ಹಾಕಿದ್ದರು. ಎದುರು ಮನೆಯವನು ಹೆಂಡತಿಯನ್ನು ಕೊಂದಿರಬೇಕು ಅಂತ ಇವನಿಗೆ ಅನುಮಾನ. ಪುರಾವೆ ಹುಡುಕಲು ಪ್ರೇಯಸಿ ಗ್ರೇಸ್ ಕೆಲ್ಲಿ ಆ ಮನೆಗೇ ನುಗ್ಗುತ್ತಾಳೆ. ಆ ಮನೆಯವನು ಮೆಟ್ಟಿಲು ಹತ್ತಿ ವಾಪಸು ಬರುತ್ತಿದ್ದಾನೆ. ಸ್ಟೂವರ್ಟ್‌ಗೆ ಎರಡೂ ಕಾಣುತ್ತಿದೆ. ಅವಳಿಗೆ ಏನೂ ಕಾಣುತ್ತಿಲ್ಲ. ಕೂಗಿದರೆ ಕೆಟ್ಟಿತು. ಕುರ್ಚಿಯಲ್ಲಿ ಕೂತು ಒದ್ದಾಡುತ್ತಾನೆ. ನಾವೂ ಅಷ್ಟೇ, ಇನ್ನೊಂದು ಕುರ್ಚಿಯಲ್ಲಿ.

ಅವನ ಅತಿ ದೊಡ್ಡ ಜೂಜು ಅಂದರೆ 1958ರ ‘ವರ್ಟಿಗೋ’. ಸ್ಯಾನ್ ಫ್ರಾನ್ಸಿಸ್ಕೋ. ಎತ್ತರ ಕಂಡರೆ ತಲೆ ತಿರುಗುವ ಮಾಜಿ ಪತ್ತೇದಾರ. ಅವನು ಪ್ರೀತಿಸಿದವಳು ಗಂಟೆ ಗೋಪುರದಿಂದ ಬಿದ್ದು ಸಾಯುತ್ತಾಳೆ. ಆಮೇಲೆ ಬೀದಿಯಲ್ಲಿ ಥೇಟ್ ಅವಳಂಥ ಇನ್ನೊಬ್ಬಳು ಸಿಗುತ್ತಾಳೆ. ಮೂಲ ಫ್ರೆಂಚ್ ಕಾದಂಬರಿಯಲ್ಲಿ ಇಬ್ಬರೂ ಒಬ್ಬಳೇ ಅನ್ನುವುದು ಕೊನೆಯಲ್ಲಿ ಗೊತ್ತಾಗುತ್ತದೆ. ಹಿಚ್‌ಕಾಕ್ ಅದನ್ನು ಸಿನಿಮಾ ಇನ್ನೂ ಸಾಕಷ್ಟು ಬಾಕಿ ಇರುವಾಗಲೇ ಹೇಳಿಬಿಟ್ಟ. ಆ ಹುಡುಗಿ ಒಬ್ಬಳೇ ಕೂತು ಒಂದು ಪತ್ರ ಬರೆಯುತ್ತಾಳೆ, ಹರಿದು ಹಾಕುತ್ತಾಳೆ. ಅಷ್ಟರಲ್ಲಿ ನಮಗೆ ಎಲ್ಲ ತಿಳಿದುಹೋಗಿದೆ. ಸುತ್ತಲಿನವರು ಬೇಡ ಬೇಡ ಅಂದರಂತೆ. ಯಾವ ನಿರ್ಮಾಪಕನಾದರೂ ಅನ್ನುವ ಮಾತೇ.

ಅದೊಂದು ದೃಶ್ಯ ಇಲ್ಲದಿದ್ದರೆ ಮುಂದಿನದೆಲ್ಲ ಬರೀ ಒಗಟು. ಅದು ಇರುವುದರಿಂದ ಏನಾಗುತ್ತದೆ ನೋಡಿ. ಅವನು ಅವಳ ಬಟ್ಟೆ ಬದಲಾಯಿಸುತ್ತಾನೆ, ಕೂದಲ ಬಣ್ಣ ಬದಲಾಯಿಸುತ್ತಾನೆ, ಸತ್ತವಳ ಹಾಗೆ ಮಾಡಲು ಹಟ ಹಿಡಿಯುತ್ತಾನೆ. ಅಲ್ಲಿಯವರೆಗೂ ನಾವು ಅವನ ಕಣ್ಣಿನಿಂದ ನೋಡುತ್ತಿದ್ದೆವು. ಈಗ ಅವಳ ಪಕ್ಕದಲ್ಲಿ ನಿಂತು ನೋಡುತ್ತೇವೆ. ತಾನು ತಾನಾಗಿ ಸಾಲುವುದಿಲ್ಲ ಅಂತ ಗೊತ್ತಿದ್ದೂ ಕೂದಲಿಗೆ ಪಿನ್ನು ಹಾಕಿಕೊಂಡು ಹೊರಗೆ ಬರುತ್ತಾಳಲ್ಲ, ಹಸಿರು ಬೆಳಕಿನಲ್ಲಿ, ಅಲ್ಲಿ ನನಗೆ ಹೊಟ್ಟೆಯೊಳಗೆ ಸಂಕಟವಾಗುತ್ತದೆ. ಮೊದಲ ಸಲಕ್ಕಿಂತ ನಾಲ್ಕನೇ ಸಲ ಇನ್ನೂ ಜಾಸ್ತಿ ಆಯಿತು.

ಬಿಡುಗಡೆಯಾದಾಗ ಜನ ತಣ್ಣಗೆ ನೋಡಿ ಎದ್ದು ಹೋದರು. ಆಮೇಲೆ ಎಷ್ಟೋ ವರ್ಷ ಅದು ಎಲ್ಲೂ ನೋಡಲು ಸಿಗುತ್ತಿರಲಿಲ್ಲ. ಅವನು ಸತ್ತ ಮೇಲೆ, 1980ರ ದಶಕದಲ್ಲಿ, ಮತ್ತೆ ಹೊರಗೆ ಬಂತು. 2012ರಲ್ಲಿ ‘ಸೈಟ್ ಆ್ಯಂಡ್ ಸೌಂಡ್’ ಪತ್ರಿಕೆ ವಿಮರ್ಶಕರ ಮತ ಕೇಳಿದಾಗ ಐವತ್ತು ವರ್ಷ ಮೊದಲ ಜಾಗದಲ್ಲಿದ್ದ ‘ಸಿಟಿಜನ್ ಕೇನ್’ ಅನ್ನು ಇಳಿಸಿ ಅಲ್ಲಿ ಕೂತಿತು.

ಹಾಗಾದರೆ ‘ಸೈಕೋ’? ಎಲ್ಲವನ್ನೂ ಮೊದಲೇ ಹೇಳು ಅನ್ನುವವನು ಅದರಲ್ಲಿ ಮಾಡಿದ್ದೇನು? ಮುಚ್ಚಿಟ್ಟ. ಅದೂ ಎಂಥ ಮುಚ್ಚಿಡುವಿಕೆ! ಸಿನಿಮಾ ಶುರುವಾದ ಮೇಲೆ ಯಾರನ್ನೂ ಒಳಗೆ ಬಿಡಬೇಡಿ ಅಂತ ಚಿತ್ರಮಂದಿರಗಳಿಗೆ ಕಟ್ಟಪ್ಪಣೆ. 1960ರಲ್ಲಿ ಅಮೆರಿಕದ ಜನ ನಡುವೆ ಯಾವಾಗ ಬೇಕಾದರೂ ಒಳಗೆ ಹೋಗಿ ಕೂರುತ್ತಿದ್ದರು. ಅವರು ಸಾಲಿನಲ್ಲಿ ನಿಂತರು. ಸ್ಟುಡಿಯೋಗೆ ಈ ಕತೆ ಇಷ್ಟವಿರಲಿಲ್ಲ. ಅವನು ತನ್ನದೇ ಕಂಪನಿಯಿಂದ, ಸುಮಾರು 8 ಲಕ್ಷ ಡಾಲರಿನಲ್ಲಿ, ತನ್ನ ಟಿವಿ ಕಾರ್ಯಕ್ರಮದ ತಂಡ ಕಟ್ಟಿಕೊಂಡು ಕಪ್ಪು ಬಿಳುಪಿನಲ್ಲಿ ಮಾಡಿ ಮುಗಿಸಿದ. ಸಂಬಳದ ಬದಲು ಸಿನಿಮಾದಲ್ಲೇ ಪಾಲು ತೆಗೆದುಕೊಂಡ. ಅವನನ್ನು ದೊಡ್ಡ ಸಾಹುಕಾರನನ್ನಾಗಿ ಮಾಡಿದ್ದು ಇದೇ.

ಮುಕ್ಕಾಲು ಗಂಟೆಯ ಹೊತ್ತಿಗೆ ನಾಯಕಿಯೇ ಸತ್ತುಹೋಗುತ್ತಾಳೆ. ಸ್ನಾನದ ಕೋಣೆಯ ಆ ಮುಕ್ಕಾಲು ನಿಮಿಷಕ್ಕೆ ಏಳು ದಿನ ಶೂಟಿಂಗ್. ರಕ್ತ ಅಂದರೆ ಚಾಕೊಲೇಟ್ ಸಿರಪ್. ಆ ದೃಶ್ಯಕ್ಕೆ ಸಂಗೀತವೇ ಬೇಡ ಅಂದಿದ್ದ ಹಿಚ್‌ಕಾಕ್. ಸಂಗೀತ ನಿರ್ದೇಶಕ ಬರ್ನಾರ್ಡ್ ಹರ್ಮನ್ ಮಾತು ಕೇಳದೆ ಪಿಟೀಲುಗಳನ್ನು ಕಿರುಚಿಸಿ ತಂದು ಕೇಳಿಸಿದ. ಇವನು ಮರುಮಾತಾಡದೆ ಒಪ್ಪಿಕೊಂಡ. ಅವನಿಲ್ಲದೆ ‘ವರ್ಟಿಗೋ’ ಇಲ್ಲ, ‘ಸೈಕೋ’ ಇಲ್ಲ. ಆರು ವರ್ಷದ ನಂತರ ‘ಟಾರ್ನ್ ಕರ್ಟನ್’ ಸಂಗೀತದ ವಿಷಯಕ್ಕೆ ಅವನನ್ನೇ ಕಿತ್ತುಹಾಕಿದ. ಮತ್ತೆ ಇಬ್ಬರೂ ಜೊತೆ ಕೆಲಸ ಮಾಡಲಿಲ್ಲ.

ಅಂತೂ ತನ್ನ ನಿಯಮಕ್ಕೆ ವಿರುದ್ಧವಾದ ಸಿನಿಮಾದಿಂದಲೇ ಅವನು ಜಗತ್ತಿಗೆಲ್ಲ ಗೊತ್ತಾದ. ನನಗೆ ಇದರಲ್ಲಿ ಒಂದು ಅನುಮಾನ ಇದೆ. ಮುಚ್ಚಿಟ್ಟದ್ದು ಮೊದಲ ಸಲ ನೋಡುವವರಿಗೆ. ಹಕ್ಕಿಗಳಿರುವ ಆ ಪುಟ್ಟ ಕೋಣೆಯ ಒಂದೊಂದು ಮಾತನ್ನೂ ಬರೆಸಿರುವುದು ಎರಡನೇ ಸಲ ಬರುವವರಿಗೆ. ಅಥವಾ ಹಾಸ್ಟೆಲಿನಲ್ಲಿ ಕೆಟ್ಟ ಗೆಳೆಯನಿರುವವರಿಗೆ.

ಗೊತ್ತಿರುವುದರ ಇನ್ನೊಂದು ಮುಖವನ್ನೂ ಹೇಳಬೇಕು. ‘ದಿ ಬರ್ಡ್ಸ್’ ನಾನು ಮೊದಲು ನೋಡಿದಾಗ ಬೆರಗಾಗಿದ್ದೆ. ಬೊಡೇಗಾ ಬೇ ಅನ್ನುವ ಕಡಲ ಹಳ್ಳಿ, ಕಾರಣವೇ ಇಲ್ಲದೆ ಮನುಷ್ಯರ ಮೇಲೆ ಎರಗುವ ಹಕ್ಕಿಗಳು. ಹಿನ್ನೆಲೆ ಸಂಗೀತ ಒಂದು ಚೂರೂ ಇಲ್ಲ. ಶಾಲೆಯ ಮುಂದಿನ ಕಟ್ಟೆಯಲ್ಲಿ ನಾಯಕಿ ಸಿಗರೇಟು ಹಚ್ಚಿ ಕೂತಿದ್ದಾಳೆ, ಅವಳ ಬೆನ್ನ ಹಿಂದೆ ಒಂದು ಕಾಗೆ, ಮತ್ತೊಂದು, ಮತ್ತೆ ನಾಲ್ಕು. ಆಮೇಲೆ ಎಷ್ಟೋ ದಿನದ ಮೇಲೆ ಆ ನಾಯಕಿ ಟಿಪ್ಪಿ ಹೆಡ್ರನ್ ಹೇಳಿದ್ದನ್ನು ಓದಿದೆ. ಮಹಡಿಯ ಕೋಣೆಯ ದೃಶ್ಯಕ್ಕೆ ಯಂತ್ರದ ಹಕ್ಕಿಗಳು ಅಂತ ಹೇಳಿದ್ದರಂತೆ. ಹೋಗಿ ನೋಡಿದರೆ ಜೀವಂತ ಹಕ್ಕಿಗಳು. ಐದು ದಿನ ಅವನ್ನು ಅವಳ ಮೇಲೆ ಎಸೆದರು. ಕಣ್ಣಿನ ಹತ್ತಿರ ಗಾಯವಾಯಿತು, ಕೊನೆಗೆ ಕುಸಿದು ಕೂತಳು. 2016ರ ಆತ್ಮಕಥೆಯಲ್ಲಿ ಅವಳು ಇನ್ನೂ ಮುಂದೆ ಹೋಗಿ, ಹಿಚ್‌ಕಾಕ್ ತನ್ನ ಮೇಲೆ ಕೈ ಮಾಡಲು ಬಂದ, ಒಪ್ಪದಿದ್ದಾಗ ತನ್ನ ವೃತ್ತಿಯನ್ನು ಹಾಳು ಮಾಡುವುದಾಗಿ ಹೆದರಿಸಿದ ಅಂತ ಬರೆದಳು. ಅವನು ಬದುಕಿರಲಿಲ್ಲ. ಜೊತೆಗೆ ಕೆಲಸ ಮಾಡಿದ ಕೆಲವರು ತಾವು ಅಂಥದ್ದನ್ನು ಕಂಡಿಲ್ಲ ಅಂದರು. ಕಾಣುವಂತೆ ಇಂಥ ಕೆಲಸ ಯಾರು ಮಾಡುತ್ತಾರೆ? ನಾನು ಅವಳ ಮಾತನ್ನೇ ನಂಬುತ್ತೇನೆ.

ಅಲ್ಲಿಂದಾಚೆ ಆ ಮಹಡಿಯ ದೃಶ್ಯ ನೋಡಲು ಎರಡು ಸಲ ಪ್ರಯತ್ನಪಟ್ಟೆ. ಬಾಗಿಲು ತೆಗೆಯಲು ಅವಳ ಕೈ ಹೋಗುತ್ತದೆ. ಒಳಗೆ ಏನಿದೆ ಅಂತ ನನಗೆ ಗೊತ್ತು. ಈಗ ನನಗೆ ಗೊತ್ತಿರುವುದು ಕತೆಯೊಳಗಿನ ಹಕ್ಕಿಗಳು ಮಾತ್ರ ಅಲ್ಲ, ಸೆಟ್ಟಿನ ಮೇಲಿನ ಹಕ್ಕಿಗಳು ಕೂಡ. ‘ವರ್ಟಿಗೋ’ದಲ್ಲಿ ಹೆಣ್ಣೊಬ್ಬಳನ್ನು ತನ್ನ ಮನಸ್ಸಿನ ಗೊಂಬೆ ಮಾಡಲು ಹೊರಟ ಗಂಡಸಿನ ಸಂಕಟವನ್ನು ಅಷ್ಟು ಬಿಚ್ಚಿಟ್ಟವನು ಇವನೇ. ಅದು ಕ್ಷಮೆಯೂ ಅಲ್ಲ, ತಪ್ಪೊಪ್ಪಿಗೆಯೂ ಅಲ್ಲ. ಏನು ಅಂತ ನನಗೆ ಇನ್ನೂ ಬಗೆಹರಿದಿಲ್ಲ. ಎರಡು ಸಲವೂ ಆ ದೃಶ್ಯವನ್ನು ಮುಂದಕ್ಕೆ ಓಡಿಸಿದೆ.

ಆಮೇಲಿನ ಸಿನಿಮಾಗಳ ಬಗ್ಗೆ ಹೆಚ್ಚು ಹೇಳಲು ಇಲ್ಲ. ‘ಟೋಪಾಜ್’ ನೋಡಲು ಮೂರು ಸಲ ಕೂತೆ, ಮೂರು ಸಲವೂ ನಿದ್ದೆ ಹೊಡೆದೆ. 1972ರಲ್ಲಿ ಮಾತ್ರ ಲಂಡನ್ನಿಗೆ ವಾಪಸು ಹೋಗಿ, ಅಪ್ಪನ ವ್ಯಾಪಾರದ ತರಕಾರಿ ಹಣ್ಣುಗಳ ನಡುವೆ, ಕವೆಂಟ್ ಗಾರ್ಡನ್ ಮಾರುಕಟ್ಟೆಯಲ್ಲಿ ‘ಫ್ರೆಂಜಿ’ ಮಾಡಿದ. ಕೊಲೆಗಾರ ಯಾರು ಅಂತ ನಮಗೆ ಅಷ್ಟರಲ್ಲಿ ಗೊತ್ತಾಗಿರುತ್ತದೆ. ಅವನು ಒಬ್ಬಳನ್ನು ಮಾತಾಡಿಸುತ್ತಾ ಮೆಟ್ಟಿಲು ಹತ್ತಿಸಿಕೊಂಡು ಹೋಗಿ ಬಾಗಿಲು ಹಾಕಿಕೊಳ್ಳುತ್ತಾನೆ. ಕ್ಯಾಮೆರಾ ಒಳಗೆ ಹೋಗುವುದಿಲ್ಲ. ಹಿಂದೆ ಹಿಂದೆ ಸರಿದು, ಸದ್ದಿಲ್ಲದೆ ಮೆಟ್ಟಿಲು ಇಳಿದು, ಹೊರಬಾಗಿಲು ದಾಟಿ ಬೀದಿಗೆ ಬರುತ್ತದೆ. ಬೀದಿಯ ಗದ್ದಲ ಒಮ್ಮೆಲೇ ಕೇಳುತ್ತದೆ. ಮೂಟೆ ಹೊತ್ತವರು, ಗಾಡಿಗಳು. ಯಾರೂ ತಲೆ ಎತ್ತಿ ಮೇಲಿನ ಕಿಟಕಿ ನೋಡುವುದಿಲ್ಲ. ಎಪ್ಪತ್ತರ ಮುದುಕನಿಗೆ ಕೈ ಹೋಗಿಲ್ಲ ಅಂದುಕೊಂಡೆ ಅವತ್ತು.

1979ರಲ್ಲಿ ಅಮೆರಿಕನ್ ಫಿಲ್ಮ್ ಇನ್‌ಸ್ಟಿಟ್ಯೂಟ್ ಜೀವಮಾನದ ಗೌರವ ಕೊಟ್ಟಾಗ ಅವನು ನಾಲ್ಕು ಜನರಿಗೆ ಥ್ಯಾಂಕ್ಸ್ ಹೇಳಿದ. ಒಬ್ಬರು ಎಡಿಟರ್, ಒಬ್ಬರು ಚಿತ್ರಕಥೆ ಬರೆಯುವವರು, ಒಬ್ಬರು ತನ್ನ ಮಗಳು ಪ್ಯಾಟ್‌ಳ ತಾಯಿ, ಒಬ್ಬರು ಬಹಳ ಒಳ್ಳೆಯ ಅಡುಗೆಯವರು. ನಾಲ್ವರ ಹೆಸರೂ ಅಲ್ಮಾ ರೆವಿಲ್ ಅಂದ. ಮರು ವರ್ಷ ಏಪ್ರಿಲ್ 29ರಂದು ಲಾಸ್ ಏಂಜಲೀಸಿನ ಮನೆಯಲ್ಲಿ ತೀರಿಕೊಂಡ. ಅಲ್ಮಾ ಇನ್ನೆರಡು ವರ್ಷ ಇದ್ದಳು.

ಹೋದ ತಿಂಗಳು ತಂಗಿಯ ಮಗಳು ಬಂದಿದ್ದಳು. ಹತ್ತೊಂಬತ್ತು ವರ್ಷ. ‘ಸೈಕೋ’ ಹೆಸರು ಕೇಳಿದ್ದಾಳೆ, ಕತೆ ಏನೇನೂ ಗೊತ್ತಿಲ್ಲ. ಈ ಕಾಲದಲ್ಲಿ ಇಂಥವರು ಸಿಗೋದು ಅಪರೂಪ. ದೀಪ ಆರಿಸಿ ಹಾಕಿದೆ. ಸ್ನಾನದ ಕೋಣೆಯ ದೃಶ್ಯಕ್ಕೆ ದಿಂಬು ಮುಖಕ್ಕೆ ಒತ್ತಿಕೊಂಡಳು. ಪಾಪ ಒಳ್ಳೆಯವಳು, ದುಡ್ಡು ವಾಪಸು ಕೊಡಬೇಕು ಅಂತಿದ್ದಳು ಅಂತ ಸತ್ತವಳಿಗಾಗಿ ಬೇಜಾರು ಮಾಡಿಕೊಂಡಳು. ಆಮೇಲೆ ಮೋಟೆಲಿನ ಹುಡುಗ ಬರುತ್ತಾನೆ. ಒಂದು ಮಾತಿಲ್ಲ. ಬಕೆಟ್ಟು, ನೆಲ ಒರೆಸುವ ಕೋಲು. ನೆಲ ತೊಳೆಯುತ್ತಾನೆ, ಹೆಣವನ್ನು ಪರದೆಯಲ್ಲಿ ಸುತ್ತುತ್ತಾನೆ, ಕಾರಿನ ಡಿಕ್ಕಿಗೆ ಹಾಕುತ್ತಾನೆ. ಕಾರನ್ನು ಕೆಸರಿನ ಹೊಂಡಕ್ಕೆ ತಳ್ಳುತ್ತಾನೆ. ಅದು ಬುಳುಬುಳು ಅನ್ನುತ್ತಾ ಮುಳುಗುತ್ತದೆ. ಅರ್ಧ ಮುಳುಗಿ ನಿಂತುಬಿಡುತ್ತದೆ. ಹುಡುಗ ಬಾಯಲ್ಲಿ ಏನೋ ಜಗಿಯುತ್ತಾ ಆಚೀಚೆ ನೋಡುತ್ತಾನೆ.

‘ಅಯ್ಯೋ, ನಿಂತೇ ಹೋಯ್ತಲ್ಲ’ ಅಂದಳು ಅವಳು.

ಅಂದವಳು ತಿರುಗಿ ನನ್ನ ಮುಖ ನೋಡಿದಳು. ನಾನು ಪರದೆಯನ್ನೇ ನೋಡುತ್ತಾ ಕೂತೆ.